‘ತಿಥಿ’ ಚಲಚ್ಚಿತ್ರವೂ ಪಿಂಡ-ದಾಯ ವಿಚಾರವೂ

ಕ್ರಿ. ಶ. ೨೦೧೫ರಲ್ಲಿ ಸಿದ್ಧವಾಗಿ ೨೦೧೬ನೆಯ ಮೇ ತಿಂಗಳಿನಲ್ಲಿ ಕರ್ಣಾಟಕದಲ್ಲಿ ಪ್ರದರ್ಶಿತವಾದ ‘ತಿಥಿ’ಯೆಂಬ ವಾಕ್ಚಿತ್ರವು ವಿಮರ್ಶಕರಿಂದ ಪಡೆದಷ್ಟು ಪ್ರಶಂಸೆಯನ್ನು ಈಚಿನ ಕನ್ನಡ ಚಿತ್ರಗಳಲ್ಲಿ ಪಡೆದವು ವಿರಳ. ಆ ಪ್ರಶಂಸೆಯು ಬಹುಮಟ್ಟಿಗೆ ಚಿತ್ರದ ಹಾಸ್ಯವನ್ನೂ ಪಾತ್ರಧಾರಿಗಳ ಸಹಜತೆಯನ್ನೂ ಕುರಿತದ್ದಾಗಿರುವುದು. ಚಿತ್ರದ ಹೆಸರೇ ಸೂಚಿಸುವ ಅಪರಕರ್ಮದ ವಿಷಯವೂ, ಅದರೊಡನೆ ಹೆಣೆದುಕೊಂಡಿರುವ ದಾಯಭಾಗದ ವಿಷಯವೂ ಕಥೆಯ ಹಿನ್ನೆಲೆಯೆಂದು ಮಾತ್ರ ಎಣಿಸಲ್ಪಟ್ಟಿವೆ. ವಾಸ್ತವವಾಗಿ ಇವೆರಡೂ ಹಿನ್ನೆಲೆಯಲ್ಲ, ಕಥೆಯ ಬೆನ್ನೆಲುಬು. ಸತ್ತವನಿಗೆ ಪಿಂಡವಿಡುವವನಾರು, ಅವನ ಸ್ವತ್ತನ್ನು ಪಡೆಯುವವನಾರು, ಈ ಇಬ್ಬರಿಗೂ ಇರುವ ಸಂಬಂಧವೇನು ಎಂಬ ಪ್ರಶ್ನೆಯು ಧರ್ಮಶಾಸ್ತ್ರದಲ್ಲಿ ಬಹುಕಾಲದಿಂದ ಚರ್ಚಿತವಾದುದು. ಆ ಚರ್ಚೆಯ ಪ್ರಧಾನ ಗ್ರಂಥಗಳಲ್ಲೊಂದು ಕನ್ನಡನಾಡಿನಲ್ಲಿಯೇ ಹುಟ್ಟಿದುದು. ಆದುದರಿಂದ ಈ ಚಿತ್ರವನ್ನೂ ಅದಕ್ಕೆ ದೊರೆತ ವಿಮರ್ಶೆಯನ್ನೂ ಆ ದೃಷ್ಟಿಯಿಂದ ಪರಿಶೀಲಿಸುವುದು ಅಪ್ರಸ್ತುತವಾಗಲಾರದು.

೧. ಶಬ್ದವಿಚಾರ

ತಿಥಿಯು ಪಂಚಾಂಗದ ಐದು ಅಂಗಗಳಲ್ಲಿ ಮೊದಲನೆಯದು. ಚಂದ್ರನು ಸೂರ್ಯನಿಂದ ೧೨ ಅಂಶಗಳಷ್ಟು ದೂರ ಸರಿಯಲು ಹಿಡಿಯುವ ಕಾಲಕ್ಕೆ ಆ ಹೆಸರು. ಒಂದು ಚಾಂದ್ರಮಾಸದಲ್ಲಿ ೩೦ ತಿಥಿಗಳು. ಶ್ರಾದ್ಧವನ್ನು ಮೃತನ ಮರಣತಿಥಿಯಲ್ಲಿ ಮಾಡಬೇಕೆಂಬ ವಿಧಿಯಿರುವುದರಿಂದ ಕಾಲವಾಚಕವಾದ ಶಬ್ದವು ಕ್ರಮೇಣ ಕರ್ಮವಾಚಕವಾಯಿತು. ಶಾಸ್ತ್ರಕಾರರ ಮಾತಿನಲ್ಲಿ ಇದು ಲಕ್ಷಣೆ. ಕನ್ನಡನಾಡಿನ ಹಳ್ಳಿಗಳಲ್ಲಿ ‘ತಿಥಿ’ ಎಂದರೆ ಚಂದ್ರನ ನೆನಪು ಯಾರಿಗೂ ಆಗುವುದಿಲ್ಲ. ಹನ್ನೊಂದನೆಯ ದಿನದ ಕರ್ಮ, ನಂಟರಿಷ್ಟರು, ಊರಿಗೆಲ್ಲ ಊಟ ಇವೇ ಮನಸ್ಸಿಗೆ ಬರುವುವು.

ಸ್ಮೃತಿಗಳು ಆಶೌಚದ ದಿನಗಳನ್ನು ವರ್ಣಭೇದದಿಂದ ೧೦, ೧೨, ೧೫, ೩೦ ಎಂದು ಎಣಿಸಿರುವುವು. ಆದರೂ ಮಂಡ್ಯ ಸೀಮೆಯ ಒಕ್ಕಲು ಮನೆಗಳಲ್ಲಿ ಹನ್ನೊಂದನೆಯ ದಿನವೇ ತಿಥಿ. ಊಟವೂ ಸ್ಮೃತಿಯಲ್ಲಿ ಹೇಳಿದ ಬ್ರಾಹ್ಮಣಭೋಜನವಲ್ಲ, ಊರಿನ ಬಾಡೂಟ. ಇದು ದೇಶಾಚಾರವು ವಚನವನ್ನು ಮೀರಿ ನಿಂತಿರುವುದಕ್ಕೆ ಒಳ್ಳೆಯ ನಿದರ್ಶನ. ಚಿತ್ರದ ಕಥೆ ನಡೆಯುವುದು ಮರಣದಿನದಿಂದ ಈ ಹನ್ನೊಂದನೆಯ ದಿನದವರೆಗೆ ಮಾತ್ರ. ಕಾಲವಾಚಕವಾಗಿ ಹುಟ್ಟಿದ ಶಬ್ದವು ಹೀಗೆ ಚಿತ್ರದ ಕಾಲಾವಧಿಯನ್ನೂ ಅದರ ಕರ್ಮವನ್ನೂ ಒಟ್ಟಿಗೆ ಹೇಳುತ್ತಿರುವುದನ್ನು ಗಮನಿಸಬೇಕು.

೨. ಕಥಾಸಾರ

ಚಿತ್ರದ ನಿರ್ದೇಶಕರು ರಾಮ್ ರೆಡ್ಡಿಯವರು. ಇದು ಅವರ ಮೊದಲ ದೀರ್ಘಚಿತ್ರ. ಕಥೆಯನ್ನು ಅವರೊಡನೆ ಸೇರಿ ರಚಿಸಿದವರು ಈರೇಗೌಡರು. ಚಿತ್ರೀಕರಣವು ಮಂಡ್ಯ ಜಿಲ್ಲೆಯ ನೊದೆಕೊಪ್ಪಲು ಗ್ರಾಮದಲ್ಲಿಯೂ ಅದರ ಸುತ್ತಮುತ್ತಲೂ ನಡೆಯಿತು. ಪಾತ್ರಧಾರಿಗಳು ಹಿಂದೆ ಎಂದೂ ಬಣ್ಣ ಹಚ್ಚದ ಗ್ರಾಮಸ್ಥರು.

ನೂರೊಂದು ವರ್ಷ ಬದುಕಿದ ಸೆಂಚುರಿಗೌಡನು ಬೀದಿಯ ಬದಿಯಲ್ಲಿ ಕುಳಿತು ಹೋಗಿಬರುವವರನ್ನೆಲ್ಲ ಬಯ್ದು, ಸ್ವಲ್ಪ ಹೊತ್ತಿನಲ್ಲಿಯೇ ಕುಸಿದು ಬಿದ್ದು ಸಾಯುತ್ತಾನೆ. ಅವನ ಮಗ ಗಡ್ಡಪ್ಪನು ಮುದುಕ. ಬೀಡಿ, ಬ್ರಾಂದಿ, ಹೊಲಗಳಲ್ಲಿ ಗೊತ್ತುಗುರಿಯಿಲ್ಲದ ಅಲೆದಾಟ ಇಷ್ಟರಲ್ಲಿಯೇ ಅವನ ದಿನ ಕಳೆಯುವುದು. ತಂದೆಯ ಸಾವಿಗೆ ಅವನು ಅಳುವುದಿಲ್ಲ, ಸ್ವತ್ತಿಗೂ ಆಶಿಸುವುದಿಲ್ಲ. ಗಡ್ಡಪ್ಪನ ಮಗ ತಮ್ಮಣ್ಣನು ವ್ಯವಹಾರಸ್ಥ. ಸೆಂಚುರಿಗೌಡನ ಹೆಸರಿನಲ್ಲಿರುವ ಐದು ಎಕರೆ ಭೂಮಿಯನ್ನು ಮಾರಬೇಕೆಂಬುದೇ ಅವನ ಚಿಂತೆ. ತಿಥಿಯ ಸಿದ್ಧತೆ, ಸಾಲ, ಊಟದ ಖರ್ಚು ಎಲ್ಲವೂ ಅವನ ತಲೆಯ ಮೇಲೆ. ತಮ್ಮಣ್ಣನ ಮಗ ಅಭಿಯು ಹದಿಹರೆಯದವನು. ಕುರಿಗಾಹಿಗಳ ಹುಡುಗಿ ಕಾವೇರಿಯ ಬೆನ್ನು ಹತ್ತಿರುವ ಅವನಿಗೆ ತಿಥಿಯೂ ಬೇಡ, ಭೂಮಿಯೂ ಬೇಡ.

ಗಡ್ಡಪ್ಪನು ಕಾಗದಪತ್ರಗಳ ಗೊಡವೆಗೆ ಬಾರದಿರಲು, ತಮ್ಮಣ್ಣನು ತಂದೆಯು ಸತ್ತನೆಂದು ಸುಳ್ಳು ಮರಣಪತ್ರವನ್ನು ಮಾಡಿಸುತ್ತಾನೆ. ಕೈಗೆ ಹಣ ಕೊಟ್ಟು ಅವನನ್ನು ದೇಶಸಂಚಾರಕ್ಕೆ ಕಳುಹಿಸುತ್ತಾನೆ. ಗಡ್ಡಪ್ಪನು ದೂರ ಹೋಗದೆ ಕುರಿಗಾಹಿಗಳ ಬಿಡಾರವನ್ನು ಸೇರುತ್ತಾನೆ. ಅಲ್ಲಿ ಒಂದು ರಾತ್ರಿ ತನ್ನ ಬಾಳಿನ ಕಥೆಯನ್ನು ಹೇಳುತ್ತಾನೆ. ತನ್ನ ದಾಂಪತ್ಯಕ್ಕೆ ತನ್ನ ತಂದೆಯಿಂದಲೇ ಒದಗಿದ ದ್ರೋಹದ ಕಥೆ ಅದು. ಅದನ್ನು ಕೇಳಿದ ಮೇಲೆ, ತಂದೆಯ ಸಾವಿಗೆ ಅವನ ಕಣ್ಣಿನಲ್ಲಿ ನೀರು ಬಾರದುದಕ್ಕೆ ಕಾರಣವು ಪ್ರೇಕ್ಷಕನಿಗೆ ತಿಳಿಯುವುದು.

೩. ಪೂರ್ವಪರಂಪರೆ

ಸಂಸಾರದ ಕಥೆಯು ಕನ್ನಡ ವಾಕ್ಚಿತ್ರಕ್ಕೆ ಹೊಸದಲ್ಲ. ಮೊದಲ ಕನ್ನಡ ವಾಕ್ಚಿತ್ರವಾದ ‘ಸತಿ ಸುಲೋಚನ’ವು ೧೯೩೪ರಲ್ಲಿ ತೆರೆ ಕಂಡಿತು. ಅದರ ಚಿತ್ರೀಕರಣಕ್ಕೆ ಕೊಲ್ಲಾಪುರದ ಚಿತ್ರಶಾಲೆಯನ್ನು ಆಶ್ರಯಿಸಬೇಕಾಯಿತು. ಮುಂದೆ ಬಹುಕಾಲ ಕನ್ನಡ ಚಿತ್ರಗಳು ಪರನಾಡಿನ, ಮುಖ್ಯವಾಗಿ ಮದರಾಸಿನ, ಚಿತ್ರಶಾಲೆಗಳನ್ನು ಅವಲಂಬಿಸಿದುವು. ಈ ಪರಾವಲಂಬನವನ್ನು ತಪ್ಪಿಸಲು ೧೯೬೬ರಲ್ಲಿ ಬೆಂಗಳೂರಿನಲ್ಲಿ ಶ್ರೀ ಕಂಠೀರವ ಸ್ಟುಡಿಯೋ ಸ್ಥಾಪಿತವಾಯಿತು. ಇಂದು ನಂದಿನಿ ಲೇಔಟ್ ಎಂದು ಕರೆಯಲ್ಪಡುವ ಬಡಾವಣೆಯಲ್ಲಿರುವ ಈ ಸ್ಥಳವು ಪ್ರಕೃತ ವಿಷಯಕ್ಕೆ ಇನ್ನೊಂದು ಕಾರಣದಿಂದಲೂ ಸಂಬಂಧಪಟ್ಟುದು. ಅದನ್ನು ಮುಂದೆ ಹೇಳಲಾಗುವುದು.

ಜನಪ್ರಿಯ ಸಾಂಸಾರಿಕ ಚಿತ್ರಗಳಲ್ಲಿ ೧೯೭೨ರ ‘ಬಂಗಾರದ ಮನುಷ್ಯ’ವು ಶ್ರೇಷ್ಠ ನಿದರ್ಶನ. ಟಿ. ಕೆ. ರಾಮರಾಯರ ಕಾದಂಬರಿಯನ್ನು ಆಧರಿಸಿ ಸಿದ್ಧಲಿಂಗಯ್ಯನವರು ನಿರ್ದೇಶಿಸಿದ ಈ ಚಿತ್ರದಲ್ಲಿ ರಾಜಕುಮಾರರು ರಾಜೀವನ ಪಾತ್ರವನ್ನು ವಹಿಸಿದರು. ಭಾವನ ಮರಣದಿಂದ ನಿರಾಧಾರವಾದ ಅಕ್ಕನ ಸಂಸಾರವನ್ನು ರಾಜೀವನು ಎತ್ತಿ ನಿಲ್ಲಿಸುತ್ತಾನೆ. ಬಂಜರು ನೆಲವನ್ನು ಬೆಳೆಯ ನೆಲವಾಗಿ ಮಾಡುತ್ತಾನೆ. ಕೊನೆಗೆ ಸೋದರಳಿಯನಿಂದಲೇ ಅಪವಾದವನ್ನು ಹೊತ್ತು ಎಲ್ಲವನ್ನೂ ಬಿಟ್ಟು ಹೊರಟುಹೋಗುತ್ತಾನೆ. ಒಂದು ಸಾವು, ಒಂದಿಷ್ಟು ಭೂಮಿ, ಮನೆಯನ್ನು ತೊರೆದು ನಡೆಯುವ ಒಬ್ಬ ಪುರುಷ, ಈ ಮೂರೂ ‘ತಿಥಿ’ಯಲ್ಲಿಯೂ ಇವೆ. ಭೇದವೇನೆಂದರೆ, ರಾಜೀವನ ತ್ಯಾಗವನ್ನು ನೋಡಿ ಪ್ರೇಕ್ಷಕನು ಕಣ್ಣೀರಿಡುವನು. ಗಡ್ಡಪ್ಪನ ತ್ಯಾಗವನ್ನು ನೋಡಿ ನಗುವನು. ಒಂದೇ ವಸ್ತುವು ಎರಡು ರಸಗಳಿಗೆ ಆಶ್ರಯವಾದುದು ಹೇಗೆಂಬುದು ವಿಚಾರಾರ್ಹ.

ಚಿತ್ರಶಾಲೆಯ ಮಾರ್ಗವನ್ನು ಬಿಟ್ಟು ಅಲ್ಪವ್ಯಯದಿಂದ ನಿಜವಾದ ಊರುಗಳಲ್ಲಿ ಚಿತ್ರ ತೆಗೆಯುವ ಸ್ವತಂತ್ರ ಮಾರ್ಗವು ಕನ್ನಡದಲ್ಲಿ ಪ್ರಸಿದ್ಧಿಗೆ ಬಂದುದು ೧೯೭೦ರ ‘ಸಂಸ್ಕಾರ’ದಿಂದ. ಯು. ಆರ್. ಅನಂತಮೂರ್ತಿಯವರ ಕಾದಂಬರಿಯನ್ನು ಆಧರಿಸಿ ಪಟ್ಟಾಭಿರಾಮ ರೆಡ್ಡಿಯವರು ಅದನ್ನು ನಿರ್ದೇಶಿಸಿದರು. ಆಚಾರಭ್ರಷ್ಟನಾದ ನಾರಣಪ್ಪನ ಶವಕ್ಕೆ ಸಂಸ್ಕಾರ ಮಾಡಬೇಕಾದವರಾರು ಎಂಬುದು ಅಲ್ಲಿಯ ಪ್ರಶ್ನೆ. ಭೈರಪ್ಪನವರ ಕಾದಂಬರಿಯಿಂದ ಬಿ. ವಿ. ಕಾರಂತ ಮತ್ತು ಗಿರೀಶ ಕಾರ್ನಾಡರು ತೆಗೆದ ‘ವಂಶವೃಕ್ಷ’ದಲ್ಲಿ ವಂಶಶುದ್ಧಿಯ ಪ್ರಶ್ನೆ. ೧೯೭೭ರಲ್ಲಿ ಗಿರೀಶ ಕಾಸರವಳ್ಳಿಯವರು ನಿರ್ದೇಶಿಸಿದ ‘ಘಟಶ್ರಾದ್ಧ’ದಲ್ಲಿ ಬದುಕಿರುವ ವಿಧವೆ ಯಮುನೆಗೆ ಶ್ರಾದ್ಧ ನಡೆಯುವುದು.

ಇವನ್ನು ‘ತಿಥಿ’ಯೊಡನೆ ಸಾಲಾಗಿ ಇಟ್ಟು ನೋಡಿದರೆ ಒಂದು ಸ್ಪಷ್ಟವಾದ ಕ್ರಮ ಕಾಣಬರುವುದು. ‘ಸಂಸ್ಕಾರ’ದಲ್ಲಿ ಸತ್ತವನಿಗೆ ಕರ್ಮವಿಲ್ಲ. ‘ಘಟಶ್ರಾದ್ಧ’ದಲ್ಲಿ ಬದುಕಿರುವವಳಿಗೆ ಕರ್ಮವುಂಟು. ‘ತಿಥಿ’ಯಲ್ಲಿ ಸತ್ತ ಅಜ್ಜನಿಗೆ ಕರ್ಮವೂ ಬದುಕಿರುವ ಮಗನಿಗೆ ಮರಣಪತ್ರವೂ ಒಂದೇ ಮನೆಯಲ್ಲಿ, ಒಂದೇ ವಾರದಲ್ಲಿ ಸಿದ್ಧವಾಗುವುವು. ಆದುದರಿಂದ ‘ತಿಥಿ’ಯು ಎಲ್ಲಿಂದಲೋ ಉದುರಿದ ಚಿತ್ರವಲ್ಲ. ೧೯೭೦ರಲ್ಲಿ ತೊಡಗಿದ ಒಂದು ವಿಚಾರಪರಂಪರೆಯ ಮುಂದಿನ ಘಟ್ಟವೆಂದು ಅದನ್ನು ತಿಳಿಯತಕ್ಕದ್ದು.

೪. ವಿಮರ್ಶೆಯ ಮಾರ್ಗ

ಚಿತ್ರವೊಂದರ ಯೋಗ್ಯತೆಗೆ ಯಾವುದು ಪ್ರಮಾಣ? ಈ ಪ್ರಶ್ನೆಗೆ ಮೂರು ಕಾಲಗಳು ಮೂರು ಉತ್ತರಗಳನ್ನು ಕೊಟ್ಟಿವೆ. ‘ಬಂಗಾರದ ಮನುಷ್ಯ’ಕ್ಕೆ ಪ್ರೇಕ್ಷಕರೇ ಪ್ರಮಾಣ, ಅದು ಎಷ್ಟು ವಾರ ಓಡಿತೆಂಬುದೇ ಅದರ ಕೀರ್ತಿ. ‘ಸಂಸ್ಕಾರ’ಕ್ಕೆ ಮೊದಲು ಎದುರಾದುದು ಸೆನ್ಸಾರ್ ಮಂಡಲಿಯ ನಿಷೇಧ. ನಿಷೇಧವು ತೆರವಾದ ಬಳಿಕ ಅದು ೧೯೭೦ನೆಯ ವರ್ಷದ ಅತ್ಯುತ್ತಮ ಭಾರತೀಯ ಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು. ಅಲ್ಲಿ ರಾಜ್ಯಾಂಗವೇ ಪ್ರತಿವಾದಿ, ರಾಜ್ಯಾಂಗವೇ ನ್ಯಾಯಾಧೀಶ. ‘ಘಟಶ್ರಾದ್ಧ’ಕ್ಕೂ ೧೯೭೭ನೆಯ ವರ್ಷದ ಅತ್ಯುತ್ತಮ ಚಿತ್ರಪ್ರಶಸ್ತಿಯು ಸಂದಿತು. ಅದರ ಜೀರ್ಣೋದ್ಧಾರವಾದ ಪ್ರತಿಯು ೨೦೨೪ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು.

‘ತಿಥಿ’ಯ ಮಾರ್ಗವು ಇವೆರಡಕ್ಕಿಂತಲೂ ಭಿನ್ನ. ೨೦೧೫ನೆಯ ಆಗಸ್ಟ್ ತಿಂಗಳಿನಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೋ ಚಿತ್ರೋತ್ಸವದ ಸಮಕಾಲೀನ ನಿರ್ದೇಶಕರ ವಿಭಾಗದಲ್ಲಿ ಅದು ಸುವರ್ಣ ಚಿರತೆಯ ಪ್ರಶಸ್ತಿಯನ್ನು ಪಡೆಯಿತು. ಮೊದಲ ಚಿತ್ರಕ್ಕೆ ಮೀಸಲಾದ ಪ್ರಶಸ್ತಿಯೂ ಅದಕ್ಕೇ ದೊರೆಯಿತು. ಅನಂತರ ಕನ್ನಡದ ಅತ್ಯುತ್ತಮ ಚಿತ್ರವೆಂದು ೬೩ನೆಯ ರಾಷ್ಟ್ರೀಯ ಚಲಚ್ಚಿತ್ರ ಪ್ರಶಸ್ತಿಯು ಬಂದಿತು. ಆ ಬಳಿಕವೇ ಚಿತ್ರವು ಕರ್ಣಾಟಕದ ಚಿತ್ರಮಂದಿರಗಳಿಗೆ ಬಂದಿತು. ಮಂಡ್ಯದ ಮಾತನ್ನು ಮಂಡ್ಯದವರು ಕೇಳುವುದಕ್ಕೆ ಮುಂಚೆ, ಅದರ ಒಂದಕ್ಷರವನ್ನೂ ಅರಿಯದ ದೂರದೇಶದವರು ತೆರೆಯ ಕೆಳಗಣ ಅನುವಾದವನ್ನು ಓದಿ ಮೆಚ್ಚಿದರು. ಹೀಗಾಗಿ ಮನೆಯ ವಿಮರ್ಶೆಯು ಹೊರಗಿನ ವಿಮರ್ಶೆಯ ಹಿಂದೆ ನಡೆಯಿತು. ಹೊರಗಿನವರು ಯಾವ ಗುಣಗಳನ್ನು ಕಂಡರೋ ಅವೇ ಗುಣಗಳು ಇಲ್ಲಿಯೂ ಮುಂದೆ ಬಂದುವು.

ವಿಮರ್ಶಕರು ಮುಖ್ಯವಾಗಿ ಎತ್ತಿ ಹೇಳಿದ ಗುಣಗಳು ಮೂರು. ನಟರಲ್ಲದವರ ಸಹಜಾಭಿನಯವು ಮೊದಲನೆಯದು. ಹಿನ್ನೆಲೆಯ ಸಂಗೀತದ ಒತ್ತಾಸೆಯಿಲ್ಲದೆ ಊರಿನ ಸದ್ದುಗಳಿಂದಲೇ ನಡೆಯುವ ನಿರೂಪಣೆಯು ಎರಡನೆಯದು. ಸಾವಿನ ಮನೆಯಲ್ಲಿ ಹುಟ್ಟುವ ಹಾಸ್ಯವು ಮೂರನೆಯದು. ಮೂರೂ ನಿಜವಾದ ಗುಣಗಳೇ; ಅವನ್ನು ಅಲ್ಲಗಳೆಯುವ ಉದ್ದೇಶವಿಲ್ಲ. ಆದರೆ ಈ ಮೂರೂ ‘ಹೇಗೆ ಹೇಳಿದೆ’ ಎಂಬುದಕ್ಕೆ ಉತ್ತರಗಳು. ‘ಏನನ್ನು ಹೇಳಿದೆ’ ಎಂಬ ಪ್ರಶ್ನೆಯು ಹಾಗೆಯೇ ಉಳಿಯುವುದು.

ಚಿತ್ರೋದ್ಯಮದ ವಿಮರ್ಶೆಯಂತೂ ಇನ್ನೂ ಸರಳವಾಗಿತ್ತು. ಗಡ್ಡಪ್ಪ, ಸೆಂಚುರಿಗೌಡರಾಗಿ ಕಾಣಿಸಿಕೊಂಡ ಗ್ರಾಮಸ್ಥರು ಜನಪ್ರಿಯರಾದುದನ್ನು ಕಂಡು ಅವರನ್ನೇ ತೊಡಗಿಸಿಕೊಂಡು ೨೦೧೬ರಲ್ಲಿಯೇ ‘ತರ್ಲೆ ವಿಲೇಜ್’ ಎಂಬ ಚಿತ್ರವು ಹೊರಬಂದಿತು. ಉದ್ಯಮವು ಮುಖಗಳನ್ನು ಎತ್ತಿಕೊಂಡಿತು, ಪ್ರಶ್ನೆಯನ್ನು ಅಲ್ಲಿಯೇ ಬಿಟ್ಟಿತು. ‘ತಿಥಿ’ಯು ಹಾಸ್ಯಪ್ರಧಾನವೆಂಬ ಅಭಿಪ್ರಾಯವು ಎಷ್ಟು ಗಟ್ಟಿಯಾಗಿ ನೆಲಸಿತೆಂಬುದಕ್ಕೆ ಇದೇ ಸಾಕ್ಷಿ.

ಅಲಂಕಾರಶಾಸ್ತ್ರದ ದೃಷ್ಟಿಯಿಂದ ನೋಡಿದರೆ ಈ ಅಭಿಪ್ರಾಯವು ನಿಲ್ಲಲಾರದು. ಪ್ರಬಂಧದಲ್ಲಿ ಒಂದು ರಸವು ಅಂಗಿ, ಉಳಿದುವು ಅಂಗಗಳು ಎಂಬುದು ಆನಂದವರ್ಧನನಿಂದ ಈಚಿನ ಆಲಂಕಾರಿಕರೆಲ್ಲರಿಗೂ ಸಮ್ಮತ. ಯಾವ ರಸವು ಆದ್ಯಂತವೂ ಅನುಸ್ಯೂತವಾಗಿದ್ದು ಉಳಿದುವಕ್ಕೆ ಅರ್ಥವನ್ನು ಕೊಡುವುದೋ ಅದು ಅಂಗಿ. ಗಡ್ಡಪ್ಪನು ಕುರಿಗಾಹಿಗಳ ಮುಂದೆ ತನ್ನ ಕಥೆಯನ್ನು ಹೇಳಿದ ಕ್ಷಣದಲ್ಲಿ ಅದುವರೆಗಿನ ನಗೆಯೆಲ್ಲವೂ ಬೇರೆ ಬಣ್ಣವನ್ನು ತಾಳುವುದು. ಅವನ ಅಲೆದಾಟವು ಸೋಮಾರಿತನವಾಗಿರದೆ ನಿರ್ವೇದವಾಗುವುದು. ಬೀದಿಯ ಬದಿಯಲ್ಲಿ ಎಲ್ಲರನ್ನೂ ನಗಿಸಿದ ಸೆಂಚುರಿಗೌಡನೇ ಆ ನಿರ್ವೇದಕ್ಕೆ ಮೂಲಕಾರಣನೆಂದು ತಿಳಿಯುವುದು. ಹಿಂದಿನದನ್ನೆಲ್ಲ ಹೀಗೆ ಮರಳಿ ಓದಿಸುವ ಶಕ್ತಿಯು ಇಲ್ಲಿ ಕರುಣಕ್ಕೆ ಉಂಟು, ಹಾಸ್ಯಕ್ಕಿಲ್ಲ. ರಾಜೀವನ ಪರಿತ್ಯಾಗದಲ್ಲಿ ಕರುಣವು ಪ್ರಕಟ. ಗಡ್ಡಪ್ಪನಲ್ಲಿ ಅದು ಹಾಸ್ಯದ ಕೆಳಗೆ ಗೂಢ. ಹಿಂದೆ ಹೇಳಿದ ರಸಭೇದಕ್ಕೆ ಇದೇ ಸಮಾಧಾನ.

ಸಾವಿನ ಕರ್ಮವನ್ನು ಹಾಸ್ಯದ ಮೂಲಕ ನೋಡಿದವರು ಕನ್ನಡಿಗರು ಮಾತ್ರವಲ್ಲ. ಜಪಾನಿನ ಜೂಜೋ ಇತಾಮಿಯವರು ೧೯೮೪ರಲ್ಲಿ ಶವಸಂಸ್ಕಾರವನ್ನೇ ವಸ್ತುವಾಗಿಟ್ಟುಕೊಂಡು ತಮ್ಮ ಮೊದಲ ಚಿತ್ರವನ್ನು ನಿರ್ದೇಶಿಸಿದರು. ಪಟ್ಟಣದ ದಂಪತಿಗಳು ಮರೆತುಹೋದ ವಿಧಿಗಳನ್ನು ಕಷ್ಟದಿಂದ ಕಲಿತು ನೆರವೇರಿಸುವುದು ಅಲ್ಲಿಯ ಕಥೆ. ಅಲ್ಲಿ ಹಾಸ್ಯವು ಕರ್ಮವನ್ನು ಅರಿಯದುದರಿಂದ ಹುಟ್ಟಿದುದು. ‘ತಿಥಿ’ಯಲ್ಲಿ ಕರ್ಮವು ಎಲ್ಲರಿಗೂ ಗೊತ್ತು, ಅದಕ್ಕೆ ಅಂಟಿದ ಸ್ವತ್ತಿನ ದಾರಿ ಮಾತ್ರ ತೊಡಕಾಗಿರುವುದು. ಈ ತೊಡಕಿನ ಸ್ವರೂಪವನ್ನು ಇನ್ನು ನೋಡಬೇಕು.

೫. ಪಿಂಡವೂ ದಾಯವೂ

ಸ್ವತ್ತನ್ನು ಪಡೆದವನು ಪಿಂಡವನ್ನೂ ಇಡಬೇಕೆಂಬುದು ಸ್ಮೃತಿಗಳ ಸಾಮಾನ್ಯ ಆಶಯ. ಇವೆರಡರಲ್ಲಿ ಯಾವುದು ಕಾರಣ, ಯಾವುದು ಕಾರ್ಯ ಎಂಬಲ್ಲಿ ಎರಡು ಮತಗಳು. ವಂಗದೇಶದ ಜೀಮೂತವಾಹನನು ‘ದಾಯಭಾಗ’ದಲ್ಲಿ ಪಿಂಡದಾನದಿಂದ ಮೃತನಿಗೆ ಆಗುವ ಉಪಕಾರವನ್ನೇ ದಾಯಕ್ಕೆ ಕಾರಣವಾಗಿ ಹಿಡಿದನು. ವಿಜ್ಞಾನೇಶ್ವರನ ಮತವು ಬೇರೆ. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿ, ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣದಲ್ಲಿದ್ದುಕೊಂಡು, ಅವನು ಯಾಜ್ಞವಲ್ಕ್ಯಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನವನ್ನು ಬರೆದನು. ಸಪಿಂಡತೆಯೆಂದರೆ ಅನ್ನದ ಪಿಂಡದ ಸಂಬಂಧವಲ್ಲ, ಒಂದೇ ಶರೀರದ ಅವಯವಗಳ ಸಂಬಂಧವೆಂದು ಅವನು ಸಾಧಿಸಿದನು. ಆದುದರಿಂದ ಪಿತಾಮಹನ ಸ್ವತ್ತಿನಲ್ಲಿ ಮೊಮ್ಮಗನಿಗೆ ಹುಟ್ಟಿನಿಂದಲೇ ಸ್ವಾಮ್ಯವುಂಟು. ಆ ಸ್ವತ್ತಿನಲ್ಲಿ ತಂದೆಗೂ ಮಗನಿಗೂ ಸಮಾನಾಧಿಕಾರ. ತಂದೆಯು ಒಪ್ಪದಿದ್ದರೂ ಮಗನು ವಿಭಾಗವನ್ನು ಕೇಳಬಹುದು. ವಂಗವನ್ನು ಬಿಟ್ಟು ಭಾರತದ ಹೆಚ್ಚು ಭಾಗದಲ್ಲಿ ನ್ಯಾಯಸ್ಥಾನಗಳು ಈ ಕನ್ನಡನಾಡಿನ ಗ್ರಂಥವನ್ನೇ ಪ್ರಮಾಣವಾಗಿ ಹಿಡಿದುವು.

ಇದನ್ನು ಚಿತ್ರಕ್ಕೆ ಹೊಂದಿಸಿ ನೋಡೋಣ. ಐದು ಎಕರೆ ಭೂಮಿಯು ಪಿತ್ರಾರ್ಜಿತವೆಂದು ಭಾವಿಸಿದರೆ, ವಿಜ್ಞಾನೇಶ್ವರನ ಮತದಂತೆ ತಮ್ಮಣ್ಣನಿಗೆ ತನ್ನ ತಂದೆಯ ಸಾವಿನಿಂದ ಆಗಬೇಕಾದುದೇನೂ ಇಲ್ಲ. ಗಡ್ಡಪ್ಪನು ಬದುಕಿರುವಾಗಲೇ, ಅವನ ಕಣ್ಣೆದುರಿನಲ್ಲಿಯೇ, ತನ್ನ ಭಾಗವನ್ನು ಅವನು ಕೇಳಬಹುದು. ಹಾಗಾದರೆ ಸುಳ್ಳು ಮರಣಪತ್ರದ ಅವಶ್ಯಕತೆ ಎಲ್ಲಿಂದ ಬಂದಿತು? ಅದು ಬಂದುದು ೧೯೫೬ರ ಹಿಂದೂ ಉತ್ತರಾಧಿಕಾರ ಶಾಸನದ ಕ್ರಮದಿಂದ. ಆ ಶಾಸನದ ಎಂಟನೆಯ ಪ್ರಕರಣದಂತೆ ಉಯಿಲು ಬರೆಯದೆ ಸತ್ತ ಪುರುಷನ ಸ್ವತ್ತು ಮೊದಲ ವರ್ಗದ ವಾರಸುದಾರರಿಗೆ ಹೋಗುವುದು. ಆ ವರ್ಗದಲ್ಲಿ ಮಗನಿದ್ದಾನೆ. ಮೊಮ್ಮಗನು ಅದರಲ್ಲಿ ಸೇರುವುದು ಅವನ ತಂದೆಯು ಮೊದಲೇ ಸತ್ತಿದ್ದರೆ ಮಾತ್ರ. ಮಗನಿಗೆ ಹೀಗೆ ಬಂದ ಸ್ವತ್ತು ಅವನ ಪ್ರತ್ಯೇಕ ಸ್ವತ್ತೇ ಹೊರತು ಅದರಲ್ಲಿ ಅವನ ಮಕ್ಕಳಿಗೆ ಹುಟ್ಟಿನ ಹಕ್ಕಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು ೧೯೮೬ರಲ್ಲಿ ಚಂದರ್ ಸೇನ್ ಮೊಕದ್ದಮೆಯಲ್ಲಿ ತೀರ್ಮಾನಿಸಿತು. ಮುಂದೆ ೨೦೦೫ರ ತಿದ್ದುಪಡಿಯು ಹೆಣ್ಣುಮಕ್ಕಳಿಗೂ ಅವಿಭಕ್ತ ಸ್ವತ್ತಿನಲ್ಲಿ ಹುಟ್ಟಿನ ಹಕ್ಕನ್ನು ಕೊಟ್ಟಿತು.

ಚಿತ್ರವು ಶಾಸನದ ಹೆಸರನ್ನು ಎತ್ತುವುದಿಲ್ಲ. ಆದರೆ ಅದು ಕಲ್ಪಿಸಿರುವ ಸನ್ನಿವೇಶವು ಈ ಕ್ರಮಕ್ಕೆ ಸರಿಯಾಗಿ ಹೊಂದಿಕೊಂಡಿರುವುದು. ದಾಖಲೆಯಲ್ಲಿ ಅಜ್ಜನ ಹೆಸರಿನ ಮುಂದೆ ಬರಬೇಕಾದುದು ಗಡ್ಡಪ್ಪನ ಹೆಸರು. ಗಡ್ಡಪ್ಪನು ಉಸಿರಾಡುತ್ತಿರುವವರೆಗೆ ತಮ್ಮಣ್ಣನ ಹೆಸರು ಬರುವಂತಿಲ್ಲ. ಹುಟ್ಟಿನಿಂದ ಹಕ್ಕು ಬರುವುದೆಂಬ ನಂಬಿಕೆಯಲ್ಲಿ ಬೆಳೆದ ಒಕ್ಕಲಮಗನು, ಸಾವಿನಿಂದ ಹಕ್ಕು ಬರುವುದೆಂಬ ಕಚೇರಿಯ ಕ್ರಮವನ್ನು ಎದುರಿಸಿದಾಗ, ಬದುಕಿರುವ ತಂದೆಯನ್ನು ಸಾಯಿಸಬೇಕಾಯಿತು. ತಮ್ಮಣ್ಣನು ದುರಾಶೆಯ ಮನುಷ್ಯನೆಂಬ ಸುಲಭವಾದ ತೀರ್ಪನ್ನು ಕೊಡುವವರು ಈ ಇಕ್ಕಟ್ಟನ್ನು ನೋಡಬೇಕು. ಕರ್ಮದ ಭಾರವು ಅವನದು, ಸಾಲವು ಅವನದು, ಸ್ವತ್ತು ಮಾತ್ರ ಅದನ್ನು ಬೇಡವೆನ್ನುವವನದು. ಪಿಂಡವೂ ದಾಯವೂ ಬೇರೆ ಬೇರೆಯಾದಾಗ ಉಂಟಾಗುವ ಸಂಕಟವನ್ನು ಇದಕ್ಕಿಂತ ಸ್ಪಷ್ಟವಾಗಿ ತೋರಿಸಿದ ಕನ್ನಡ ಚಿತ್ರವು ಬೇರೊಂದಿಲ್ಲ.

ಇಲ್ಲಿ ಒಂದು ಆಕ್ಷೇಪವು ಹುಟ್ಟಬಹುದು: ಬಾಡೂಟದಿಂದ ತಿಥಿ ಮಾಡುವ ಗ್ರಾಮಸ್ಥರಿಗೆ ಮಿತಾಕ್ಷರೆಯ ಮಾತೇಕೆ, ಅದು ಪಂಡಿತರ ಗ್ರಂಥವಲ್ಲವೆ ಎಂದು. ಇದಕ್ಕೆ ಸಮಾಧಾನವಿಷ್ಟು: ಗ್ರಂಥವು ಪಂಡಿತರದಾದರೂ ಅದು ಶಬ್ದರೂಪಕ್ಕೆ ತಂದುದು ಲೋಕಪ್ರಸಿದ್ಧವಾದ ವ್ಯವಹಾರವನ್ನು. ಸ್ವತ್ವವು ಶಾಸ್ತ್ರದಿಂದ ಮಾತ್ರ ತಿಳಿಯತಕ್ಕದ್ದಲ್ಲ, ಲೋಕದಿಂದಲೇ ಸಿದ್ಧವಾದುದು ಎಂಬುದು ವಿಜ್ಞಾನೇಶ್ವರನ ಪ್ರಸಿದ್ಧ ಸಿದ್ಧಾಂತ. ಅವನು ಲೋಕವೆಂದು ಹೇಳಿದುದರಲ್ಲಿ ನೊದೆಕೊಪ್ಪಲಿನಂತಹ ಊರೂ ಸೇರಿದುದೇ.

೬. ಬದುಕಿರುವಾಗಲೇ ಸತ್ತವರು

ಬದುಕಿರುವವನನ್ನು ಸತ್ತವನೆಂದು ಎಣಿಸುವುದು ಶಾಸ್ತ್ರಕ್ಕೆ ಅಪರಿಚಿತವಲ್ಲ. ಅದರಲ್ಲಿ ಮೂರು ಪ್ರಕಾರಗಳನ್ನು ಕಾಣಬಹುದು. ತನಗೆ ತಾನೇ ಶ್ರಾದ್ಧ ಮಾಡಿಕೊಳ್ಳುವ ಜೀವಚ್ಛ್ರಾದ್ಧವು ಮೊದಲನೆಯದು. ಸಂನ್ಯಾಸಗ್ರಹಣವು ಎರಡನೆಯದು, ಸಂನ್ಯಾ­ಸಿಯು ಆತ್ಮಶ್ರಾದ್ಧವನ್ನು ಮಾಡಿಕೊಂಡು ಮನೆಯನ್ನು ಬಿಡುವನು, ಅಂದಿನಿಂದ ಅವನು ಮೃತನೆಂದೇ ಎಣಿಕೆ, ಅವನ ಸ್ವತ್ತು ಮಕ್ಕಳಿಗೆ ಸಲ್ಲುವುದು. ಘಟಸ್ಫೋಟವು ಮೂರನೆಯದು, ಪತಿತನಾದವನನ್ನು ಬಂಧುಗಳು ಮೃತನಂತೆ ಭಾವಿಸಿ ಉದಕವನ್ನು ಕೊಟ್ಟು ಗಡಿಗೆಯನ್ನು ಉರುಳಿಸಿ ಹೊರಹಾಕುವರು.

ಮೊದಲ ಎರಡರಲ್ಲಿ ‘ಸಾಯುವವನ’ ಸಂಕಲ್ಪವೇ ಮುಖ್ಯ. ಮೂರನೆಯದರಲ್ಲಿ ಬಂಧುಗಳ ಸಂಕಲ್ಪವು ಮುಖ್ಯ. ಅದು ಕ್ರೂರವಾದುದೇ, ‘ಘಟಶ್ರಾದ್ಧ’ದ ಯಮುನೆಯ ಗತಿಯು ಆ ಕ್ರೌರ್ಯವನ್ನು ಮರೆಯಲಾಗದಂತೆ ತೋರಿಸಿದೆ. ಆದರೂ ಅಲ್ಲಿ ಊರಿನ ಮುಂದೆ, ಹೆಸರು ಹಿಡಿದು, ಬಹಿರಂಗವಾಗಿ ಮಾಡುವರು. ಪ್ರಾಯಶ್ಚಿತ್ತವನ್ನು ಮಾಡಿಕೊಂಡು ಬಂದವನನ್ನು ಮರಳಿ ಸೇರಿಸಿಕೊಳ್ಳುವ ವಿಧಿಯನ್ನೂ ಸ್ಮೃತಿಕಾರರು ಹೇಳಿದ್ದಾರೆ.

ಗಡ್ಡಪ್ಪನ ಸಾವು ಈ ಮೂರರಲ್ಲಿ ಯಾವುದಕ್ಕೂ ಸೇರದು. ನಡತೆಯಿಂದ ನೋಡಿದರೆ ಅವನು ಕಾವಿಯಿಲ್ಲದ ಸಂನ್ಯಾಸಿಯಂತಿದ್ದಾನೆ. ಮನೆ ಬೇಡ, ಸ್ವತ್ತು ಬೇಡ, ನಾಳೆಯ ಚಿಂತೆಯಿಲ್ಲ. ಆದರೆ ತಾನು ಸತ್ತೆನೆಂದು ಅವನು ಸಂಕಲ್ಪಿಸಲಿಲ್ಲ. ಬಂಧುಗಳು ಊರಿನ ಮುಂದೆ ಅವನನ್ನು ಹೊರಹಾಕಲೂ ಇಲ್ಲ. ಒಂದು ಕಾಗದದಲ್ಲಿ ಗುಟ್ಟಾಗಿ ಅವನು ಸತ್ತನು. ಕರ್ಮದ ಸಾಕ್ಷಿಗಳು ಊರಿನವರು, ಕಾಗದದ ಸಾಕ್ಷಿ ಮೊಹರು ಮಾತ್ರ.

ಇದು ಬರಿಯ ಕಟ್ಟುಕಥೆಯಲ್ಲ. ಉತ್ತರಪ್ರದೇಶದ ಆಜಮಗಢ ಜಿಲ್ಲೆಯ ಲಾಲ್ ಬಿಹಾರಿಯವರು ಬಂಧುಗಳ ಭೂಮಿಯಾಸೆಯಿಂದಾಗಿ ೧೯೭೫ರಿಂದ ೧೯೯೪ರವರೆಗೆ ಸರಕಾರದ ದಾಖಲೆಗಳಲ್ಲಿ ಮೃತರಾಗಿದ್ದರು. ತಮ್ಮ ಹೆಸರಿನ ಮುಂದೆ ‘ಮೃತಕ’ ಎಂದು ಸೇರಿಸಿಕೊಂಡು, ತಮ್ಮಂತಹವರ ಸಂಘವನ್ನು ಕಟ್ಟಿ ಹೋರಾಡಿದ ಮೇಲೆ ಅವರು ಮರಳಿ ಜೀವಂತರೆನಿಸಿದರು. ಘಟಸ್ಫೋಟವಾದವನಿಗೆ ಶಾಸ್ತ್ರವು ಹೇಳಿದ ಪುನಃಪ್ರವೇಶದ ಬಾಗಿಲು ಕಚೇರಿಯ ದಾಖಲೆಯಲ್ಲಿ ತೆರೆಯಲು ಹತ್ತೊಂಬತ್ತು ವರ್ಷಗಳು ಹಿಡಿದುವು.

‘ಸಂಸ್ಕಾರ’, ‘ಘಟಶ್ರಾದ್ಧ’ಗಳು ಕರ್ಮದ ನಿಷ್ಠುರತೆಯನ್ನು ವಿಮರ್ಶಿಸಿದುವು, ಆ ಕಾಲಕ್ಕೆ ಅದು ಯುಕ್ತವಾದುದು. ‘ತಿಥಿ’ಯ ಕಾಲಕ್ಕೆ ಕರ್ಮವು ನಿಷ್ಠುರತೆಯನ್ನು ಕಳೆದುಕೊಂಡಿದೆ. ಯಾರನ್ನು ಒಳಗಿಡಬೇಕು, ಯಾರನ್ನು ಹೊರಗಿಡಬೇಕು ಎಂಬ ಅಧಿಕಾರವು ಕಾಗದಕ್ಕೆ ಸಂದಿದೆ. ಈ ಅಧಿಕಾರಸಂಕ್ರಮಣವನ್ನು ತೋರಿಸಿದುದೇ ಚಿತ್ರದ ಮುಖ್ಯ ಪ್ರಮೇಯವೆಂದು ಹೇಳಬೇಕಾಗುವುದು.

೭. ನಂದಿನಿ ಲೇಔಟ್‌ನ ನಿದರ್ಶನ

ಸ್ವತ್ತಿನಿಂದ ಬೇರೆಯಾದ ತಿಥಿಗೆ ಏನು ಉಳಿಯಿತು? ಇದಕ್ಕೆ ಉತ್ತರವನ್ನು ಚಿತ್ರಲೋಕದ್ದೇ ಆದ ಒಂದು ಸ್ಥಳದಲ್ಲಿ ಕಾಣಬಹುದು. ಮೇಲೆ ಹೇಳಿದ ಕಂಠೀರವ ಸ್ಟುಡಿಯೋದ ಆವರಣದಲ್ಲಿ, ೨೦೦೬ನೆಯ ಏಪ್ರಿಲ್ ೧೨ರಂದು ನಿಧನರಾದ ರಾಜಕುಮಾರರ ಸಮಾಧಿಯಿದೆ. ಅವರ ಪತ್ನಿ ಪಾರ್ವತಮ್ಮನವರನ್ನು ೨೦೧೭ರಲ್ಲಿಯೂ ಕಿರಿಯ ಮಗ ಪುನೀತರನ್ನು ೨೦೨೧ರಲ್ಲಿಯೂ ಅಲ್ಲಿಯೇ ಮಣ್ಣು ಮಾಡಲಾಯಿತು. ನಟ ಅಂಬರೀಷರ ಅಂತ್ಯಸಂಸ್ಕಾರವೂ ೨೦೧೮ರಲ್ಲಿ ಇದೇ ಆವರಣದಲ್ಲಿ ನಡೆಯಿತು. ಚಿತ್ರಗಳನ್ನು ತೆಗೆಯಲು ಕಟ್ಟಿದ ಸ್ಥಳವು ಹೀಗೆ ತಿಥಿಯ ಸ್ಥಳವೂ ಆಯಿತು.

ಪ್ರತಿವರ್ಷ ಅಲ್ಲಿ ನಡೆಯುವ ಪುಣ್ಯಸ್ಮರಣೆಯು ಇಂಗ್ಲಿಷ್ ತಾರೀಖಿನಂತೆ ನಡೆಯುವುದು. ಚಂದ್ರನ ಗತಿಗೂ ಅದಕ್ಕೂ ಸಂಬಂಧವಿಲ್ಲ. ಪುನೀತರು ಅಕ್ಟೋಬರ್ ೨೯ರಂದು ತೀರಿಕೊಂಡ ಮೇಲೆ ನವೆಂಬರ್ ೮ರಂದು ಹನ್ನೊಂದನೆಯ ದಿನದ ಪೂಜೆಯು ಸಮಾಧಿಯ ಬಳಿ ನಡೆಯಿತು. ಮರುದಿನ ಅರಮನೆ ಮೈದಾನದಲ್ಲಿ ಕುಟುಂಬದವರು ಅಭಿಮಾನಿಗಳಿಗೆ ಅನ್ನಸಂತರ್ಪಣೆ ಮಾಡಿದರು. ಅಂದು ಉಂಡವರು ಸಪಿಂಡರಲ್ಲ, ಸಗೋತ್ರರಲ್ಲ. ಅವರಿಗೆ ಸ್ವತ್ತಿನಲ್ಲಿ ಕಾಸಿನ ಪಾಲೂ ಇಲ್ಲ. ಆದರೂ ಅವರು ತಮ್ಮ ಮನೆಯವನೇ ಸತ್ತನೆಂದು ಬಂದವರು. ಜೀಮೂತವಾಹನನ ಮತದಿಂದಾಗಲಿ ವಿಜ್ಞಾನೇಶ್ವರನ ಮತದಿಂದಾಗಲಿ ಈ ಬಂಧುತ್ವವನ್ನು ಸಾಧಿಸಲಾಗದು. ಅನ್ನವೊಂದೇ ಅದಕ್ಕೆ ಆಧಾರ.

ಮಂಡ್ಯದ ಕಥೆಯಲ್ಲಿ ಸ್ವತ್ತನ್ನು ಬಯಸಿದವನು ತಿಥಿಯನ್ನು ಹೊರಬೇಕಾಯಿತು. ನಂದಿನಿ ಲೇಔಟ್‌ನಲ್ಲಿ ಸ್ವತ್ತಿಗೆ ಸಂಬಂಧವೇ ಇಲ್ಲದವರು ತಿಥಿಯನ್ನು ತಾವಾಗಿಯೇ ಹೊತ್ತರು. ಎರಡೂ ಕಡೆ ಪಿಂಡ-ದಾಯಗಳ ಹಳೆಯ ಗಂಟು ಬಿಚ್ಚಿದೆ. ಒಂದು ಕಡೆ ಅದರಿಂದ ವಂಚನೆಯು ಹುಟ್ಟಿತು, ಇನ್ನೊಂದು ಕಡೆ ಭಕ್ತಿಯು ಹುಟ್ಟಿತು. ತಮ್ಮಣ್ಣನೂ ಊಟವನ್ನು ಬಿಡಲಾರನು. ಭೂಮಿಗಾಗಿ ಬದುಕಿರುವ ತಂದೆಯನ್ನು ಕಾಗದದಲ್ಲಿ ಸಾಯಿಸಬಲ್ಲವನು, ಸತ್ತ ಅಜ್ಜನ ಹೆಸರಿನಲ್ಲಿ ಊರಿಗೆ ಅನ್ನವಿಕ್ಕದಿರಲಾರನು. ಶಾಸನವು ಕೇಳದ, ಕಚೇರಿಯು ಕೇಳದ ಆ ಒಂದು ಊಟಕ್ಕಾಗಿ ಅವನು ಸಾಲ ಮಾಡುವನು. ಇದನ್ನು ಹಾಸ್ಯವೆಂದು ನಕ್ಕು ಬಿಡಲಾಗದು.

ಕನ್ನಡ ಚಿತ್ರವಿಮರ್ಶೆಯು ಅಭಿನಯ, ಛಾಯಾಗ್ರಹಣ, ನಿರೂಪಣೆಗಳ ಗುಣದೋಷಗಳನ್ನು ತೂಗುವುದರಲ್ಲಿ ಪಳಗಿದೆ. ಅದರ ಜೊತೆಗೆ ಚಿತ್ರದ ವಸ್ತುವಿಗೆ ಈ ನಾಡಿನ ಧರ್ಮ-ವ್ಯವಹಾರಗಳ ಇತಿಹಾಸದಲ್ಲಿರುವ ಬೇರುಗಳನ್ನೂ ಅದು ಅಗೆದು ನೋಡಬೇಕಾಗಿದೆ. ಲೊಕಾರ್ನೋದವರು ಆ ಕೆಲಸವನ್ನು ಮಾಡಲಾರರು. ಅವರು ಕಾಣಬಹುದಾದುದನ್ನು ಕಂಡು ಮೆಚ್ಚಿದ್ದಾರೆ. ಕಲ್ಯಾಣದಲ್ಲಿ ಬರೆದ ಗ್ರಂಥವೂ ಮಂಡ್ಯದಲ್ಲಿ ತೆಗೆದ ಚಿತ್ರವೂ ಒಂದೇ ಪ್ರಶ್ನೆಯನ್ನು ಕೇಳುತ್ತಿರುವುದನ್ನು ತೋರಿಸಿಕೊಡಬೇಕಾದವರು ಕನ್ನಡಿಗರೇ.